ಕುಂಕುಮ ಹಚ್ಚಿದ ಹಾರ್ಡ್ ಡಿಸ್ಕ್

ಗೆಳೆಯರೇ, ನಾಗಭೂಷಣ ಅವರ ಸಿನಿಮಾ ಇರುವ ಹಾರ್ಡ್ ಡಿಸ್ಕ್ ಕೆಟ್ಟಿದೆ. ಶಿವಾಜಿನಗರದ ರಿಪೇರಿ ಅಂಗಡಿಯ ಯೂಸುಫ್ ಇಂದು ಮಧ್ಯಾಹ್ನ ಹೇಳಿದ ಮಾತಿದು. ನಾನು ಪಕ್ಕದಲ್ಲೇ ನಿಂತಿದ್ದೆ.

ರಾಮಮೂರ್ತಿ ನಗರದ ನಮ್ಮ ಎದುರು ಮನೆಯ ನಾಗಭೂಷಣ ಹಲವು ಚಿತ್ರಗಳಿಗೆ ಚಿತ್ರಕಥೆ ಬರೆದಿದ್ದಾರೆ. ಹೆಚ್ಚಿನವುಗಳಲ್ಲಿ ಅವರ ಹೆಸರೇ ಇಲ್ಲ. ತಾವೇ ಬರೆದು ತಾವೇ ನಿರ್ಮಿಸಿದ್ದು ಇದೊಂದೇ. ಒಂದು ವಾರ ಓಡಿತು. ಇಷ್ಟು ವರ್ಷಗಳ ಮೇಲೆ ಒಂದು ಚಿತ್ರೋತ್ಸವದವರು ಅದನ್ನು ತೋರಿಸುತ್ತೇವೆಂದು ಕೇಳಿದ್ದಾರೆ. ಬೆಳಗ್ಗೆ ಕಂಪ್ಯೂಟರಿಗೆ ಹಾಕಿದರೆ ಡಿಸ್ಕ್ ತೆರೆಯಲಿಲ್ಲ. ನನ್ನನ್ನೂ ಕರೆದುಕೊಂಡು ಅಂಗಡಿಗೆ ಬಂದರು.

ಯೂಸುಫ್ ಅದನ್ನು ಕಿವಿಗೆ ಹಿಡಿದ. ಒಳಗೆ ಟಕ್ ಟಕ್ ಸದ್ದು. ಕೇಬಲ್ ಹಾಕುವ ಜಾಗವನ್ನು ಸೂಜಿಯಿಂದ ಕೆದಕಿದ. ಕೆಂಪು ಪುಡಿ ಉದುರಿತು.

"ಏನ್ ಸಾರ್ ಇದು?"

"ಕುಂಕುಮ. ಪ್ರತಿ ಆಯುಧಪೂಜೆಗೂ ಹಚ್ತೀನಿ. ಕ್ಯಾಮೆರಾಗೆ ಹಚ್ಚಲ್ವೇನಪ್ಪ?"

"ಅದಕ್ಕೆ ಹೊರಗಡೆ ಹಚ್ತಾರೆ ಸಾರ್. ಇದರೊಳಗೆ ನೀರೂ ಹೋಗಿದೆ."

"ತೆಂಗಿನಕಾಯಿ ನೀರು. ಒಂಚೂರು ಚಿಮುಕಿಸಿದ್ದೆ. ಸಿನಿಮಾ ಉಳಿಯುತ್ತಾ?"

"ಈಗ್ಲೇ ಹೇಳೋಕಾಗಲ್ಲ. ಇನ್ನೊಂದು ಕಾಪಿ ಇದ್ಯಾ?"

ಮನೆಯಲ್ಲಿ ಇನ್ನೊಂದು ಡಿಸ್ಕಿನಲ್ಲಿ ಇದೆ ಎಂದರು. ನನಗೆ ಹೋದ ಜೀವ ಬಂದಂತಾಯಿತು.

"ಅದನ್ನ ಹಾಕಿ ನೋಡಿದ್ರಾ?"

"ಇಲ್ಲಪ್ಪ, ಭಯ ಆಗ್ತಿದೆ. ಎರಡನ್ನೂ ಒಟ್ಟಿಗೇ ಪೂಜೆಗೆ ಇಟ್ಟಿದ್ದೆ."

ಯೂಸುಫ್ ಸೂಜಿ ಕೆಳಗಿಟ್ಟ. ಎರಡನೆಯ ಪ್ರತಿ ಇಟ್ಟುಕೊಳ್ಳುವುದು ಯಾತಕ್ಕೆಂದು ಕೇಳುವ ಧೈರ್ಯ ನನಗೆ ಬರಲಿಲ್ಲ.

ನಾಳೆ ಬೆಳಗ್ಗೆ ಹನ್ನೊಂದಕ್ಕೆ ಅದನ್ನು ಅಂಗಡಿಗೆ ತಂದು ಹಾಕಿ ನೋಡಬೇಕು.