ಟೋಪಿ ತೆಗೆದು ನಕ್ಕ ಮಾವ

ನಿನ್ನೆ ಮಧುಗಿರಿಯ ನಮ್ಮ ಮನೆಯಲ್ಲಿ ಸೋದರಮಾವನ ಜೊತೆ ಕಾಫಿ ಕುಡಿಯುತ್ತಿದ್ದಾಗ ಮೊಬೈಲಿಗೊಂದು ವಿಡಿಯೊ ಬಂತು. ಮಾತಿಲ್ಲದ ಕಾಲದ ಸಿನಿಮಾದ ತುಣುಕು. ದಪ್ಪ ಮೀಸೆಯ ಪೊಲೀಸರು ಕಳ್ಳನನ್ನು ಬೆನ್ನಟ್ಟಿ, ಒಬ್ಬರ ಮೇಲೊಬ್ಬರು ಬಿದ್ದು, ತಮ್ಮವರಿಗೇ ಲಾಠಿ ಬಾರಿಸುತ್ತಿದ್ದರು. ಅಷ್ಟೇ ಆಗಿದ್ದರೆ ಚೆನ್ನಾಗಿತ್ತು. ಯಾವನೋ ಪುಣ್ಯಾತ್ಮ ಅದಕ್ಕೆ ನೂರಾರು ಜನ ಗಹಗಹಿಸುವ ಸದ್ದು ಅಂಟಿಸಿದ್ದ. ನನಗೆ ಮೈಯೆಲ್ಲ ಉರಿದುಹೋಯಿತು. ನೀವೇ ಹೇಳಿ, ನಾನು ಎಲ್ಲಿ ನಗಬೇಕೆಂದು ತೋರಿಸಿಕೊಡಲು ಇವನ್ಯಾರು? ನಾಳೆ ನನ್ನ ಪರವಾಗಿ ಊಟವನ್ನೂ ಮಾಡಿಬಿಡುತ್ತಾನೆ.

ಇಂಥ ಸಿನಿಮಾ ನಾನು ಮೊದಲು ನೋಡಿದ್ದು ಚಿಕ್ಕಂದಿನಲ್ಲಿ, ಹುಲಿಕುಂಟೆಯೆಂಬ ಹಳ್ಳಿಯಲ್ಲಿ. ಸಿನಿಮಾ ತೋರಿಸುವ ಸರ್ಕಾರಿ ಜೀಪಿನವರು ಬಂದು ಶಾಲೆಯ ಗೋಡೆಗೆ ಬಿಳಿ ಪರದೆ ಕಟ್ಟಿದ್ದರು. ಬಂದೋಬಸ್ತಿಗೆ ಬಂದ ಪೇದೆ ಇದೇ ಮಾವ. ಪರದೆಯ ಮೇಲೆ ಪೊಲೀಸರು ಉರುಳಿದರು, ಜನ ಉಸಿರೆತ್ತಲಿಲ್ಲ. ಪೊಲೀಸಪ್ಪ ಎದುರಿಗೇ ಇರುವಾಗ ಪೊಲೀಸರು ಬಿದ್ದರೆಂದು ನಗುವುದುಂಟೇ? ಕುರಿ ಕಾಯುವ ಈರಜ್ಜ ಎದ್ದುಬಂದು ಮಾವನನ್ನು ಸಂತೈಸಿದ: “ಪಾಪ, ನಿಮ್ಮೋರಿಗೆ ಸ್ಯಾನೆ ಪೆಟ್ಟಾಯ್ತು ಕಣ್ ಸಾಮಿ.”

ತಡೆದಿಟ್ಟ ನಗುವಿಗೆ ಮಾವನ ಹೊಟ್ಟೆ ಆಗಲೇ ಕುಲುಕುತ್ತಿತ್ತು. ಟೋಪಿ ತೆಗೆದು ಕಂಕುಳಲ್ಲಿ ಸಿಕ್ಕಿಸಿಕೊಂಡರು. “ಟೋಪಿ ತೆಗ್ದಿವ್ನಿ ನೋಡ್ರಪ್ಪಾ, ಈಗ ನಾನೂ ನಿಮ್ಮಂಗೇಯ. ನಕ್ಬುಡ್ರಿ!” ಎಂದು ತಾವೇ ಮೊದಲು ನಕ್ಕರು. ಆಮೇಲೆ ಊರಿಗೆ ಊರೇ ನಕ್ಕಿತು. ಹಟ್ಟಿಯ ಕುರಿಗಳೂ ಗಾಬರಿಯಾಗಿ ಒದರಿಕೊಂಡವು.

ಸುದ್ದಿ ಮೇಲಕ್ಕೆ ಹೋಯಿತು. ಸಮವಸ್ತ್ರದ ಮರ್ಯಾದೆ ತೆಗೆದರೆಂದು ಸಾಹೇಬರೊಬ್ಬರು ಮಾವನನ್ನು ಎಲ್ಲರೆದುರು ಬೈದು, ಪಾವಗಡದಾಚೆ ಗಡಿಗೆ ಎತ್ತಿಹಾಕಿದರು. ಬಡವರ ಮೇಲೆ ಕೈಮಾಡಿದ ಪೊಲೀಸರು ಇದ್ದಲ್ಲೇ ಆರಾಮಾಗಿದ್ದರು, ನಕ್ಕವರಿಗೆ ವರ್ಗ! ಇದ್ಯಾವ ಸೀಮೆಯ ನ್ಯಾಯ? ಅಂದಿನಿಂದ ಮಾವನಿಗೆ ನಗು ಬಂದರೆ ಮೊದಲು ಬಾಗಿಲ ಕಡೆ ನೋಡುತ್ತಾರೆ, ಆಮೇಲೆ ಕೆಮ್ಮಿಬಿಡುತ್ತಾರೆ. ಅವರು ಬಾಯಿತುಂಬ ನಕ್ಕಿದ್ದನ್ನು ನಮ್ಮ ಮನೆಯಲ್ಲಿ ಮತ್ತೆ ಯಾರೂ ಕೇಳಲಿಲ್ಲ. ಆ ಸಾಹೇಬರ ಮೇಲಿನ ಸಿಟ್ಟು ನನಗೆ ಇವತ್ತಿಗೂ ಆರಿಲ್ಲ.

ನಿನ್ನೆ ಮಾವ ಮೊಬೈಲಿಗೆ ಕಿವಿಗೊಟ್ಟು, “ಯಾರ್ಲಾ ಇವ್ರೆಲ್ಲ ನಗ್ತಿರೋರು? ಒಬ್ರೂ ಕಾಣಾಕಿಲ್ವಲ್ಲ?” ಎಂದರು. ಸದ್ದು ಅಡಗಿಸಿ ಕೈಗೆ ಕೊಟ್ಟೆ. ಪೊಲೀಸರು ಮತ್ತೆ ಬಿದ್ದರು. ಮಾವನ ಹೊಟ್ಟೆ ಕುಲುಕಿತು. ಇಲ್ಲದ ಟೋಪಿ ತೆಗೆಯಲು ಕೈ ಬೋಳುತಲೆಗೆ ಹೋಯಿತು. ಕಣ್ಣು ಬಾಗಿಲ ಕಡೆ ಹೊರಳಿತು. ಕೆಮ್ಮಿದರು.

ಮಾವ ನಿವೃತ್ತರಾಗಿ ಎಷ್ಟೋ ವರ್ಷವಾದರೂ ಅವರ ಪಾಲಿಗೆ ಆ ಸಾಹೇಬ ಇನ್ನೂ ನಮ್ಮ ಹೊಸ್ತಿಲಲ್ಲೇ ನಿಂತಿದ್ದಾನಲ್ಲ! ನಾನು ದಡಕ್ಕನೆ ಎದ್ದು ಬೀದಿಬಾಗಿಲನ್ನು ಪೂರ್ತಿ ತೆರೆದಿಟ್ಟೆ.

“ನಗು ಮಾವ. ಬೀದಿಗೆಲ್ಲ ಕೇಳ್ಲಿ.”

ಮಾವ ನನ್ನನ್ನು ನೋಡಿದರು, ಖಾಲಿ ಹೊಸ್ತಿಲನ್ನು ನೋಡಿದರು. ಆಮೇಲೆ ನಕ್ಕರು. ನಕ್ಕು ನಕ್ಕು ಕೊನೆಗೆ ಕೆಮ್ಮು ಬಂತು. ಈ ಸಲ ನಿಜವಾದ ಕೆಮ್ಮು.