ಟ್ರೆಬೆಲ್ಕ ಎಂಬ ಪದವೂ ಡಾ. ಗೊಂಕೆ ಕೆಟೆಲ್ಸೆನ್ ಅವರೂ

ಉತ್ತರ ಸಮುದ್ರದಂಚಿನ ನಮ್ಮ ಫ್ರೀಸಿಯನ್ ನುಡಿಗಳ ನಿಘಂಟುಕಾರರಲ್ಲಿ ಡಾ. ಗೊಂಕೆ ಕೆಟೆಲ್ಸೆನ್ ಅವರ ಸ್ಥಾನ ಹಿರಿದು. ಜರ್ಮನ್, ಡೇನಿಷ್, ಡಚ್ ಮಾತುಗಳಲ್ಲಿ ನಮ್ಮ ಪದಗಳ ನೆಂಟರನ್ನು ಹುಡುಕುತ್ತ ಮೂವತ್ತನಾಲ್ಕು ವರ್ಷ ದುಡಿದವರು, ಗೊತ್ತಾಗದ ಕಡೆ ‘ಮೂಲ ತಿಳಿಯದು’ ಎಂದು ನಾಚದೆ ಬರೆದವರು. ನಾನು ಕೆಲಸಕ್ಕೆ ಸೇರಿದ ಹೊಸತರಲ್ಲಿ ಒಂದು ಡಬ್ಬಿ ಪದಚೀಟಿಗಳನ್ನು ಮಳೆಯಲ್ಲಿ ತೋಯಿಸಿಬಿಟ್ಟಾಗ, ಒಂದು ಮಾತೂ ಬಯ್ಯದೆ ಜೊತೆಗೆ ಕುಳಿತು ಒಣಗಿಸಿಕೊಟ್ಟವರು. ಅಂಥವರ ಬಗ್ಗೆ ಬರೆಯಬೇಕೋ ಬಾಯಿ ಮುಚ್ಚಿಕೊಂಡಿರಬೇಕೋ ತಿಳಿಯದೆ ಈ ಲೇಖನವನ್ನು ಮೂರು ಸಲ ಹರಿದು ಹಾಕಿದ್ದೇನೆ.

ನಿವೃತ್ತರಾಗುವವರಿಗೆ ಒಂದು ಪದದ ಮೂಲವನ್ನು ಕಂಡುಹಿಡಿದು ಕಾಣಿಕೆ ಕೊಡುವುದು ನಮ್ಮಲ್ಲಿ ಪದ್ಧತಿ. ನಾನು ಆರಿಸಿಕೊಂಡದ್ದು ‘ಟ್ರೆಬೆಲ್ಕ’. ಹೊರಡಲು ಕೋಟು ತೊಟ್ಟ ಮೇಲೂ ಬಾಗಿಲಲ್ಲೇ ನಿಂತು ಮಾತಾಡುವುದು ಎಂದರ್ಥ. ಫೋರ್ ದ್ವೀಪದ ಕ್ರಸೆನ್ ಅಜ್ಜಿ ಹೇಳಿದ್ದನ್ನು ಗೊಂಕೆಯವರು ತಮ್ಮ ಮೊದಲ ವರ್ಷದಲ್ಲೇ ಚೀಟಿಯಲ್ಲಿ ಬರೆದುಕೊಂಡಿದ್ದರು. ಯಾವ ನುಡಿಯಲ್ಲೂ ಅದಕ್ಕೆ ನೆಂಟರು ಸಿಕ್ಕಿರಲಿಲ್ಲ. ಕನಿಷ್ಠ ಎರಡು ಮನೆಯವರಾದರೂ ಆಡದ ಪದವನ್ನು ಅಚ್ಚಿಗೆ ಕೊಡಬಾರದೆಂಬುದು ಅವರದೇ ಕಟ್ಟಳೆಯಾದ್ದರಿಂದ ಚೀಟಿ ಅವರ ಮೇಜಿನಲ್ಲೇ ಉಳಿದಿತ್ತು.

ದ್ವೀಪಕ್ಕೆ ಹೋದೆ. ಅಜ್ಜಿ ತೀರಿಕೊಂಡು ಬಹಳ ಕಾಲವಾಗಿತ್ತು. ಅವರ ಮಗಳು ಮಾಟ್ಯೆ ಚಹಾ ಬಗ್ಗಿಸುತ್ತ ನಕ್ಕುಬಿಟ್ಟರು.

“ಅಯ್ಯೋ, ಅದು ಅವ್ವ ತಾನೇ ಕಟ್ಟಿದ್ದು ಕಣಪ್ಪ! ಪದ ಮುಗಿದ್ರೆ ಆ ಹುಡುಗಿ ಗೊಂಕೆ ಬರೋದು ನಿಲ್ಲಿಸ್ತಾಳೆ ಅಂತ ಭಯ ಅವಳಿಗೆ. ಹಂಗೆ ಇನ್ನೆಷ್ಟು ಕಟ್ಟಿದ್ಲೋ!”

ಹೇಳಿದರೆ ಗುರುಗಳ ದುಡಿಮೆಗೇ ಕಲ್ಲು ಹಾಕಿದಂತೆ, ಬಚ್ಚಿಟ್ಟರೆ ಅವರು ಕಲಿಸಿದ್ದಕ್ಕೆ ದ್ರೋಹ. ಒಂದು ವಾರ ಒದ್ದಾಡಿ, ಕೊನೆಗೆ ಅವರೆದುರೇ ಎಲ್ಲವನ್ನೂ ತೊದಲಿದೆ.

“ಅಷ್ಟಕ್ಕೇ ಮುಖ ಹಿಂಗೆ ಮಾಡ್ಕೊಂಡಿದೀಯಾ, ಬ್ರಾರ್? ನಂಗೆ ನಾಲ್ಕನೇ ಸಲ ಹೋದಾಗ್ಲೇ ಗೊತ್ತಾಗಿತ್ತು. ಅಂಥವು ಹನ್ನೊಂದಿವೆ. ಒಂದನ್ನೂ ಅಚ್ಚಿಗೆ ಕೊಟ್ಟಿಲ್ಲ.”

“ಗೊತ್ತಿದ್ದೂ ಯಾಕೆ ಬರ್ಕೊಂಡ್ರಿ, ಮೇಡಂ?”

“ಪೆನ್ನು ಕೆಳಗಿಟ್ಟಿದ್ರೆ ಆಕೆ ಮುಖ ಬಾಡ್ತಿತ್ತಲ್ಲೋ. ಅದಿರ್ಲಿ, ಮಾಟ್ಯೆ ಆ ಪದ ಆಡ್ತಾಳಾ?”

“ಆಡ್ತಾರೆ. ಪಕ್ಕದ ಮನೆಯವ್ರೂ ಆಡ್ತಾರೆ. ನಾನು ಕೋಟು ಹಾಕ್ಕೊಂಡು ಬಾಗ್ಲಲ್ಲೇ ನಿಂತಿದ್ದಕ್ಕೆ ಹಂಗಂತ ನಕ್ರು.”

“ಹಾಗಾದ್ರೆ ಎರಡು ಮನೆ ಆಯ್ತು.”

ಅವರು ಚೀಟಿ ತೆಗೆದರು. ‘ಮೂಲ ತಿಳಿಯದು’ ಎಂಬುದನ್ನು ಹೊಡೆದು ಹಾಕಿ ಬರೆದರು: ‘ಮೂಲ: ಕ್ರಸೆನ್, ಆಕೆಯ ಅಡುಗೆಮನೆ. ನಾನು ಹೊರಟುಹೋಗಬಾರದೆಂದು.’

ಇಂಥದ್ದು ನಿಘಂಟಿಗೆ ಸಲ್ಲುವುದೋ ಇಲ್ಲವೋ, ನನಗಿನ್ನೂ ಗೊಂದಲವೇ. ಗೊಂಕೆಯವರು ನೂರ್ಕಾಲ ಬಾಳಲಿ. ನಿವೃತ್ತಿಯ ಕೋಟು ತೊಟ್ಟಾಗಿದೆ, ಇರಲಿ. ನಮ್ಮ ಕಚೇರಿಯ ಬಾಗಿಲಲ್ಲಿ ಇನ್ನೂ ಬಹುಕಾಲ ಅವರು ಟ್ರೆಬೆಲ್ಕ ಮಾಡುತ್ತಿರಲಿ.