ಎದೆ ತಟ್ಟಿ ಹೇಳುವ ಕ್ರಿಯಾಪದ

ಇಂಗ್ಲಿಷಿನಲ್ಲಿ ಒಂದು ಕ್ರಿಯಾಪದವಿದೆ. ಎ, ವಿ, ಇ, ಆರ್. ನಾಲ್ಕೇ ಅಕ್ಷರ. ‘ಅವರ್’ ಎಂದು ಉಚ್ಚಾರ. ಒತ್ತು ಕೊನೆಯ ಭಾಗದ ಮೇಲೆ. ಇದನ್ನು ಯಾರಾದರೂ ಬಾಯಿಬಿಟ್ಟು ಆಡಿದ್ದನ್ನು ನಾನು ಈ ವಯಸ್ಸಿನವರೆಗೆ ಕೇಳಿಲ್ಲ. ಅಂಗಡಿಯಲ್ಲಿಲ್ಲ, ಆಫೀಸಿನಲ್ಲಿಲ್ಲ, ಇಂಗ್ಲಿಷಿನಲ್ಲೇ ಸೀನುವ ನಮ್ಮ ಎದುರುಮನೆಯವರ ಬಾಯಲ್ಲೂ ಇಲ್ಲ. ಅದಕ್ಕೆ ಇರುವುದು ಎರಡೇ ಮನೆ. ಒಂದು ಇಂಗ್ಲಿಷ್ ಪತ್ರಿಕೆಯ ಪದಬಂಧ, ಇನ್ನೊಂದು ವಕೀಲರ ಕಾಗದ. ಮೊದಲನೆಯ ಮನೆಯಲ್ಲಿ ಅದರ ಜೊತೆ ನನಗೆ ಬಹುಕಾಲದ ಸ್ನೇಹವಿತ್ತು. ಎರಡನೆಯ ಮನೆಯಲ್ಲಿ ಎದುರಾದ ಮೇಲೆ ಸ್ನೇಹ ಕೆಟ್ಟಿತು.

ಸರ್ವೆ ಇಲಾಖೆಯಿಂದ ನಿವೃತ್ತನಾದ ಮೇಲೆ ನನ್ನ ಬೆಳಗಿನ ಕೆಲಸ ಪದಬಂಧ ಬಿಡಿಸುವುದು. ಚಾಮರಾಜಪೇಟೆಯ ನಮ್ಮ ಮನೆಯ ಜಗಲಿಯಲ್ಲಿ, ರಸ್ತೆಗೆ ಮುಖ ಮಾಡಿ, ಬೆತ್ತದ ಕುರ್ಚಿಯಲ್ಲಿ ಕೂತು ಬಿಡಿಸುತ್ತೇನೆ. ಅದೂ ಆಗೆಲ್ಲ ಪೆನ್ನಿನಲ್ಲಿ. ಪೆನ್ಸಿಲಿನಲ್ಲಿ ಬರೆಯುವವರು ಅಳುಕಿನ ಜನ ಎಂದು ನನ್ನ ಅಭಿಪ್ರಾಯವಾಗಿತ್ತು. ನನ್ನ ಹೆಂಡತಿ ಶಾರದೆಯ ಅಭಿಪ್ರಾಯ ಬೇರೆ. ಹೊಡೆದು ತಿದ್ದಿ ಮಸಿ ಮೆತ್ತಿದ ಆ ಹಾಳೆಯಲ್ಲಿ ಕೊತ್ತಂಬರಿ ಸೊಪ್ಪು ಸುತ್ತಿಡುವುದಕ್ಕೂ ಅವಳಿಗೆ ಹೇಸಿಗೆ. ‘ಒತ್ತಿ ಹೇಳು’ ಎಂಬ ಸುಳಿವು ಬಂದು, ಎದುರಿಗೆ ನಾಲ್ಕು ಚೌಕ ಕಂಡರೆ ಮಾತ್ರ ನಾನು ಯೋಚಿಸುತ್ತಲೇ ಇರಲಿಲ್ಲ. ಪೆನ್ನು ತಾನೇ ಬರೆಯುತ್ತಿತ್ತು. ಅದರ ನಿಜವಾದ ಅರ್ಥವೇನೆಂದು ಒಂದು ದಿನವೂ ಕೇಳಿಕೊಂಡಿರಲಿಲ್ಲ. ಪದಬಂಧದಲ್ಲಿ ಅರ್ಥ ಬೇಕಾಗಿಲ್ಲ, ಅಳತೆ ಸರಿಯಿದ್ದರೆ ಸಾಕು.

ಆ ದಿನವೂ ಹಾಗೇ ಕೂತಿದ್ದೆ. ನಮ್ಮ ರಸ್ತೆ ತಿರುಗುವ ಮೂಲೆಯಲ್ಲಿ, ಹೊಂಗೆಮರದ ಬುಡದಲ್ಲಿ, ಪಾದಚಾರಿ ಹಾದಿಯ ಮೇಲೆ ಒಂದು ಕಲ್ಲುಚಪ್ಪಡಿ ಇದೆ. ಅದರ ಮೇಲೆ ಗೌರಮ್ಮ ಹೂವು ಮಾರುತ್ತಾಳೆ. ನಮ್ಮ ಮಗಳು ಶಾಲೆಗೆ ಹೋಗುತ್ತಿದ್ದ ಕಾಲದಿಂದಲೂ ಅದು ಅವಳ ಜಾಗ. ನಾನು ಕುರ್ಚಿಗೆ ಬಂದಾಗ ಅವಳು ಕೂತು ಮಲ್ಲಿಗೆ ಕಟ್ಟುತ್ತಿದ್ದುದನ್ನು ನೋಡಿದೆ. ಆಮೇಲೆ ತಲೆ ತಗ್ಗಿಸಿ ಪದಬಂಧ ನೋಡಿದೆ. ಆಮೇಲೆ ಒಂದು ಸದ್ದಾಯಿತು.

ಆ ಸದ್ದನ್ನು ವರ್ಣಿಸಲಾರೆ. ಇವತ್ತಿಗೂ ಅಡುಗೆಮನೆಯಲ್ಲಿ ತಟ್ಟೆ ಬಿದ್ದರೆ ನಾನು ರಸ್ತೆಯ ಕಡೆ ನೋಡುತ್ತೇನೆ. ತಲೆ ಎತ್ತಿದಾಗ ಒಂದು ಬಿಳಿ ಕಾರಿನ ಎಡಗಡೆಯ ಮುಂದಿನ ಚಕ್ರ ಪಾದಚಾರಿ ಹಾದಿಯ ಮೇಲೆ ಹತ್ತಿ ನಿಂತಿತ್ತು. ಚಕ್ರಕ್ಕೂ ಚಪ್ಪಡಿಗೂ ನಡುವೆ ಬುಟ್ಟಿ, ಬುಟ್ಟಿಯೊಳಗೆ ಗೌರಮ್ಮನ ಬಲಗೈ. ಅವಳು ಕೂಗಲಿಲ್ಲ. ಕೂಗಿದ್ದು ನಾನು.

ಓಡಿಹೋಗಿ ಸೇರುವಷ್ಟರಲ್ಲಿ ಜನ ಸೇರಿದ್ದರು. ಈಗ ನನ್ನ ಮೊದಲ ಸಿಟ್ಟಿನ ವಿಷಯಕ್ಕೆ ಬರುತ್ತೇನೆ. ಅಲ್ಲಿದ್ದ ಪ್ರತಿಯೊಬ್ಬನೂ ಎಲ್ಲವನ್ನೂ ನೋಡಿದ್ದ.

“ರಾಕೆಟ್ ಬಂದಂಗ್ ಬಂತು ಗುರು, ನಾನ್ ಇಲ್ಲೇ ನಿಂತಿದ್ದೆ!”

“ಫೋನಲ್ಲಿ ಮಾತಾಡ್ತಿದ್ದ ಮಗಾ ಅವ್ನು, ಕಣ್ಣಾರೆ ಕಂಡಿದೀನಿ!”

ಕಣ್ಣಾರೆ ಕಂಡವನು ನನ್ನ ಹಿಂದಿನಿಂದ ಓಡಿಬಂದದ್ದು ನನಗೆ ಗೊತ್ತು, ನನ್ನ ಚಪ್ಪಲಿಯ ಹಿಮ್ಮಡಿ ತುಳಿದವನೇ ಅವನು. ಸಂಜೆಯ ವೇಳೆಗೆ ನೋಡಿದವರ ಸಂಖ್ಯೆ ಬೆಳೆದು, ಬೆಳಿಗ್ಗೆಯಿಂದ ಮತ್ತಿಕೆರೆಯ ತಂಗಿಯ ಮನೆಯಲ್ಲಿದ್ದ ಪಕ್ಕದ ಮನೆಯ ಶ್ರೀನಿವಾಸಯ್ಯನೂ ಅದರಲ್ಲಿ ಸೇರಿದ್ದ. ಮರುದಿನ ಪೊಲೀಸರು ಬಂದು ಹೆಸರು, ವಿಳಾಸ ಕೇಳಿದಾಗ ಇಡೀ ರಸ್ತೆಗೆ ಒಟ್ಟಿಗೆ ಕುರುಡು ಬಂತು. ರಾಕೆಟ್ ನೋಡಿದವನು ಅಂಗಡಿಯ ಬಾಗಿಲು ಎಳೆದುಕೊಂಡ. ಉಳಿದವನು ನಾನೊಬ್ಬ. ನಿಜವಾಗಿ ನೋಡದೆ ಇದ್ದವನೂ ನಾನೇ.

ಕಾಲ ಕಳೆಯಿತು. ಗೌರಮ್ಮನ ಕೈಯ ಕಟ್ಟು ಬಿಚ್ಚಿದರು. ಮಣಿಕಟ್ಟು ಕೂಡಿತ್ತು, ಬೆರಳು ಮಡಿಸಲಾಗುತ್ತಿರಲಿಲ್ಲ. ಹೂವು ಕಟ್ಟುವವಳಿಗೆ ಬೆರಳು ಮಡಿಸದಿದ್ದರೆ ಏನುಳಿಯಿತು? ಮಾರ್ಕೆಟ್ಟಿನಿಂದ ಕಟ್ಟಿದ ಹೂವನ್ನೇ ತಂದು ಮಾರತೊಡಗಿದಳು. ಕಾರಿನ ಕಡೆಯವರು ತಪ್ಪು ಅವಳದೇ ಎಂದರು. ಬುಟ್ಟಿ ರಸ್ತೆಗೆ ಉರುಳಿತಂತೆ, ಅದನ್ನು ಹಿಡಿಯಲು ಅವಳು ಕಾರಿನ ಮುಂದೆ ಹಾರಿದಳಂತೆ, ಅವಳನ್ನು ತಪ್ಪಿಸಲು ಹೋಗಿ ಕಾರು ಮೇಲೆ ಹತ್ತಿತಂತೆ. ಈ ‘ಅಂತೆ’ಗಳು ಗೆದ್ದರೆ ಪರಿಹಾರವೂ ಇಲ್ಲ, ಆ ಮೂಲೆಯಲ್ಲಿ ಅವಳಿಗೆ ಜಾಗವೂ ಇಲ್ಲ. ರಸ್ತೆಗೆ ಹಾರುವ ಹೂವಾಡಗಿತ್ತಿಯನ್ನು ಅಲ್ಲಿ ಕೂರಲು ಯಾರು ಬಿಡುತ್ತಾರೆ?

ಅಪಘಾತ ಪರಿಹಾರದ ನ್ಯಾಯಮಂಡಳಿಗೆ ಅರ್ಜಿ ಹಾಕಿದ್ದ ಗೌರಮ್ಮನ ವಕೀಲ ಮಂಜುನಾಥ, ಚುರುಕಾದ ಹುಡುಗ, ಒಂದು ಸಂಜೆ ನನ್ನ ಹೆಸರಿನ ಪ್ರಮಾಣಪತ್ರವನ್ನು, ಅಂದರೆ ಅಫಿಡವಿಟ್ಟನ್ನು, ಸಿದ್ಧಪಡಿಸಿಕೊಂಡೇ ಬಂದ. ಇಂಗ್ಲಿಷಿನಲ್ಲಿತ್ತು. ಅದರ ಪ್ರಕಾರ, ಕಾರು ಅತಿವೇಗದಿಂದಲೂ ಅಜಾಗರೂಕತೆಯಿಂದಲೂ ಬಂದು ಡಿಕ್ಕಿ ಹೊಡೆದದ್ದನ್ನು ನಾನು ಸ್ವಂತ ಕಣ್ಣಿನಿಂದ ನೋಡಿದ್ದಾಗಿ ‘ಅವರ್’ ಮಾಡಿದ್ದೆ. ಪದಬಂಧದ ನನ್ನ ಹಳೆಯ ಸ್ನೇಹಿತ, ಚೌಕದ ಬೇಲಿ ಹಾರಿ, ಕರಿಕೋಟು ಹಾಕಿಕೊಂಡು ನನ್ನ ಮನೆಗೇ ಬಂದಿದ್ದ.

“ಇದನ್ನ ನಾನು ನೋಡಿಲ್ಲವಲ್ಲಪ್ಪ,” ಎಂದೆ.

“ಸಾರ್, ಅದು ಫಾರ್ಮ್ಯಾಟ್. ಎಲ್ಲಾ ಆಕ್ಸಿಡೆಂಟ್‌ಗೂ ಹಿಂಗೇ ಬರೆಯೋದು. ಒಂದ್ ಸೈನ್ ಹಾಕ್ಬಿಡಿ.”

“ವೇಗ ಎಷ್ಟಿತ್ತು ಅಂತ ನನಗೆ ಹೇಗೆ ಗೊತ್ತು?”

“ಸಾರ್, ಕೈ ಮುರ್ದಿದೆ ಅಂದ್ರೆ ಸ್ಪೀಡ್ ಇತ್ತು ಅಂತಾನೇ ಅಲ್ವಾ?”

ಒಳಗಿನಿಂದ ಶಾರದೆ ಬಂದಳು. “ಸೈನ್ ಹಾಕ್ರೀ. ಜಗಲೀಲೇ ಕೂತಿದ್ರಲ್ಲ, ಕಣ್ಣು ಎಲ್ಲಿಟ್ಟಿದ್ರಿ?”

ಕಣ್ಣು ಎಲ್ಲಿತ್ತೆಂದು ಅವಳಿಗೆ ಚೆನ್ನಾಗಿ ಗೊತ್ತು. ಕಾಗದ ಬಿಟ್ಟುಹೋಗಲು ಹೇಳಿ ಮಂಜುನಾಥನನ್ನು ಕಳಿಸಿದೆ. ಆಮೇಲೆ ದಪ್ಪ ನಿಘಂಟನ್ನು ಕೆಳಗಿಳಿಸಿ ಧೂಳು ಹೊಡೆದೆ. ಸಂಕಟ ಬಂದಾಗ ಕೆಲವರು ವೆಂಕಟರಮಣ ಎನ್ನುತ್ತಾರೆ, ನಾನು ನಿಘಂಟು ತೆಗೆಯುತ್ತೇನೆ.

ನಿಘಂಟು ಓದಿ ನನ್ನ ಸಿಟ್ಟು ಹೆಚ್ಚಿತು. ಈ ಕ್ರಿಯಾಪದದ ಬೇರು ಲ್ಯಾಟಿನ್ನಿನಲ್ಲಿ ‘ಸತ್ಯ’ ಎಂಬ ಪದದಲ್ಲಿದೆಯಂತೆ. ಹುಟ್ಟಿದ ಕಾಲದಲ್ಲಿ ಇದಕ್ಕೆ ಒಂದು ಮಾತನ್ನು ಸತ್ಯವೆಂದು ಸಾಧಿಸಿ ತೋರಿಸುವುದು ಎಂಬ ಅರ್ಥವೂ ಇತ್ತು. ನ್ಯಾಯಾಲಯದಲ್ಲಿ ಅದಕ್ಕೆ ಬೆಲೆ. ಬರಬರುತ್ತ ಸಾಧಿಸುವ ಕಷ್ಟವನ್ನು ಅದು ಕೈಬಿಟ್ಟಿತು, ಗಟ್ಟಿಯಾಗಿ ಹೇಳುವುದನ್ನು ಮಾತ್ರ ಉಳಿಸಿಕೊಂಡಿತು. ಮನುಷ್ಯರಂತೆ ಪದಗಳೂ ವಯಸ್ಸಾದಂತೆ ದುಡಿಮೆ ಬಿಟ್ಟು ಗಂಟಲನ್ನಷ್ಟೇ ಇಟ್ಟುಕೊಳ್ಳುತ್ತವೆ. ಅದೇ ನಾಲ್ಕು ಅಕ್ಷರಗಳ ಇನ್ನೊಂದು ಹಳೆಯ ಪದಕ್ಕೆ ‘ಗೇಯುವ ಕುದುರೆ’ ಎಂದು ಅರ್ಥ ಕೊಟ್ಟಿತ್ತು. ಎರಡಕ್ಕೂ ನಂಟಿಲ್ಲವೆಂದು ನಿಘಂಟುಕಾರ ಕಟ್ಟುನಿಟ್ಟಾಗಿ ಹೇಳಿದ್ದಾನೆ. ಆದರೂ ಹೊರೆ ಹೊರುವ ಆ ಬಡಪ್ರಾಣಿಯ ಮೇಲೆ ನನಗೆ ಗೌರವ ಬಂತು.

ಕನ್ನಡದಲ್ಲಿ ಇದಕ್ಕೆ ಏನೆನ್ನಬೇಕು? ‘ದೃಢವಾಗಿ ಹೇಳು’ ಎಂದರೆ ಸರ್ಕಾರಿ ಸುತ್ತೋಲೆಯ ವಾಸನೆ. ‘ಎದೆ ತಟ್ಟಿ ಹೇಳು’ ಹತ್ತಿರ ಬರುತ್ತದೆ. ಆದರೆ ನಮ್ಮಲ್ಲಿ ಎದೆ ತಟ್ಟುವವರನ್ನು ಯಾರು ನಂಬುತ್ತಾರೆ? ತಾಯಾಣೆ, ದೇವರಾಣೆ, ಅನ್ನದಾಣೆ ಎಂದು ಮೇಲಕ್ಕೇರುತ್ತಾ ಹೋಗುವ ನಮ್ಮ ಆಣೆಗಳೆಲ್ಲ ಹಿಂದಿನ ಆಣೆಯನ್ನು ಯಾರೂ ನಂಬಲಿಲ್ಲ ಎನ್ನುವುದರ ಗುರುತುಗಳೇ.

ಮಾರನೆಯ ಬೆಳಿಗ್ಗೆ ಗೌರಮ್ಮ ತಾನೇ ಬಂದು ಜಗಲಿಯ ಮೆಟ್ಟಿಲ ಮೇಲೆ ಕೂತಳು.

“ಲಾಯರ್ ಹೇಳುದ್ರು ಯಜಮಾನ್ರೇ. ನೀವ್ ಸೈನ್ ಹಾಕಕಿಲ್ಲ ಅಂದ್ರಂತೆ.”

“ನೋಡದೆ ಇರೋದನ್ನ ನೋಡಿದೆ ಅಂತ ಹೇಗಮ್ಮ ಬರೆಯೋದು?”

“ನಾನ್ ಎದ್ದಿಲ್ಲ ಯಜಮಾನ್ರೇ. ಅಣ್ಣಮ್ಮ ದೇವ್ರ ಮುಂದೆ ಕರ್ಪೂರ ಆರ್ಸು ಅಂದ್ರೆ ಇವತ್ತೇ ಆರ್ಸ್ತೀನಿ.”

ಕರ್ಪೂರ ಆರಿಸುವುದೆಂದರೆ ದೇವರ ಮುಂದೆ ಉರಿಯುವ ಕರ್ಪೂರವನ್ನು ಅಂಗೈಯಿಂದ ಒತ್ತಿ ಆರಿಸಿ ಆಣೆ ಮಾಡುವುದು. ಸುಳ್ಳಾದರೆ ಮನೆಯ ದೀಪವೇ ಆರುತ್ತದೆಂಬ ನಂಬಿಕೆ. ಅವಳು ಆರಿಸುತ್ತಿದ್ದಳು, ಸಂಶಯವಿಲ್ಲ. ಆದರೆ ನ್ಯಾಯಮಂಡಳಿಯಲ್ಲಿ ಕರ್ಪೂರಕ್ಕೆ ಫಾರ್ಮ್ಯಾಟ್ ಇಲ್ಲ.

“ಕಾರು ಜೋರಾಗಿ ಬಂತು ಅಂತ ನೀವ್ ಆರ್ಸ್ತೀರಾ?” ಎಂದು ಕೇಳಿದಳು.

ಇಲ್ಲವೆಂದು ತಲೆಯಾಡಿಸಿದೆ.

“ಹಂಗಾರೆ ಬ್ಯಾಡ ಬುಡಿ,” ಎಂದು ಮುಖ ತಿರುಗಿಸಿದಳು. ಅವಳಿಗೂ ನನ್ನ ಮೇಲೆ ಸಿಟ್ಟು ಬಂದಿತ್ತು. “ಅದೇನ್ ನೋಡಿದ್ರೋ ಅದ್ನಾರೂ ಹೇಳಿ ಮತ್ತೆ.”

ಹೇಳಿದೆ. ನಾನು ನಿಧಾನದ ಮನುಷ್ಯ. ನೆಲ ಅಳೆಯುವವನು ಹೇಗೆ ಕಲ್ಲಿನಿಂದ ಕಲ್ಲಿಗೆ ಹೋಗುತ್ತಾನೋ ಹಾಗೆ ಹೇಳಿದೆ. ಚಕ್ರ, ಬುಟ್ಟಿ, ಕೈ. ನೀನು ಕೂತಿದ್ದೆ. ಎಡಗೈಯಲ್ಲಿ ಅರ್ಧ ಕಟ್ಟಿದ ಮಲ್ಲಿಗೆ. ಅದರ ದಾರದ ಇನ್ನೊಂದು ತುದಿ ನಿನ್ನ ಬಲಗಾಲಿನ ಹೆಬ್ಬೆರಳಿಗೆ ಸುತ್ತಿತ್ತು. ಮೇಲೆತ್ತುವ ಮೊದಲು ಅದನ್ನು ಬಿಡಿಸಿದವನು ನಾನು. ಬಿಗಿಯಾಗಿತ್ತು, ಬಿಡಿಸಲು ಕಷ್ಟವಾಯಿತು.

ಹೇಳಿ ಅಲ್ಲಿಗೇ ನಿಂತೆ. ಸರ್ವೆಯಲ್ಲಿ ಸರಪಳಿಯ ಒಂದು ತುದಿ ಗೂಟಕ್ಕೆ ಬಿಗಿದಿರುತ್ತದೆ. ಗೂಟ ಅಲುಗಿದರೆ ಅಳತೆ ಕೆಟ್ಟಿತು. ಕಾಲ್ಬೆರಳಿನ ದಾರವೂ ಹಾಗೇ. ಎದ್ದರೆ ಮೊದಲು ಅದನ್ನು ತೆಗೆಯಬೇಕು, ಇಲ್ಲವೇ ಅದು ಜಾರಬೇಕು, ಹರಿಯಬೇಕು.

“ದಾರ ಬೆರಳಲ್ಲೇ ಇಟ್ಟುಕೊಂಡು ಏಳೋಕಾಗತ್ತೇನಮ್ಮ?”

“ಎಲ್ಲಾನಾ ಉಂಟಾ! ಕಟ್ಟಿದ್ ಹೂವೆಲ್ಲಾ ಉದ್ರೋಗಲ್ವಾ?” ಎಂದಳು, ಪೆದ್ದನ ಮುಂದೆ ಮಾತಾಡುವವಳ ಹಾಗೆ.

ಪ್ರಮಾಣಪತ್ರವನ್ನು ನಾನೇ ಬರೆದುಕೊಟ್ಟೆ. ಕಾರು ಬಂದದ್ದನ್ನು ನೋಡಿಲ್ಲ. ವೇಗ ಗೊತ್ತಿಲ್ಲ. ಡಿಕ್ಕಿ ನೋಡಿಲ್ಲ. ಸದ್ದು ಕೇಳಿ ತಲೆ ಎತ್ತಿದೆ, ಕಂಡದ್ದು ಇಷ್ಟು. ಕೊನೆಗೆ ಆ ಕ್ರಿಯಾಪದವನ್ನು ಒಂದೇ ಒಂದು ಸಲ, ದಾರ ಬೆರಳಲ್ಲೇ ಇತ್ತು ಎಂಬ ಮಾತಿಗೆ ಬಳಸಿದೆ. ಮಂಜುನಾಥ ಓದಿ ತಲೆಗೆ ಕೈ ಹೊತ್ತುಕೊಂಡ. “ಸಾರ್, ಮೂರು ‘ಇಲ್ಲ’ ಇರೋ ಕಣ್ಣಾರೆ ಕಂಡ ಸಾಕ್ಷೀನ ನಾನು ಎಲ್ಲೂ ನೋಡಿಲ್ಲ. ಕೇಸ್ ಗೋವಿಂದ.”

ವಿಚಾರಣೆಯ ದಿನ ಎದುರು ವಕೀಲರಿಗೆ ಹಬ್ಬ. “ಅಂದ್ರೆ ನೀವು ಅಪಘಾತ ನೋಡೇ ಇಲ್ಲ.”

“ಇಲ್ಲ.”

“ಪದಬಂಧ ನೋಡ್ತಿದ್ರಿ.”

“ಹೌದು.”

“ಹಾಗಿದ್ಮೇಲೆ, ಅರ್ಜಿದಾರರು ರಸ್ತೆಗೆ ಹಾರಿದ್ರಿಂದಲೇ ಅಪಘಾತ ಆಯ್ತು ಅಂದ್ರೆ ಸರಿಯೇ?”

“ಸರಿಯಲ್ಲ. ದಾರ ಬೆರಳಲ್ಲೇ ಇತ್ತು.”

ಅವರು ನಕ್ಕರು. ಆದರೆ ಅಲ್ಲಿಯವರೆಗೆ ಕಾಗದದಿಂದ ಕಣ್ಣೆತ್ತದ ನ್ಯಾಯಾಧೀಶೆ ಪೆನ್ನು ಕೆಳಗಿಟ್ಟರು. “ಹೂ ಕಟ್ಟೋವಾಗ ಹಾಕ್ಕೋತಾರಲ್ಲ, ಆ ದಾರಾನಾ? ಯಾವ ಕಾಲು?”

“ಬಲಗಾಲು. ಬಿಡಿಸಿದ್ದು ನಾನೇ.”

ಅವರು ಬೆರಳಚ್ಚುಗಾರನ ಕಡೆ ತಿರುಗಿ ಅದನ್ನು ನಿಧಾನವಾಗಿ ಬರೆಸಿದರು. ಎದುರು ವಕೀಲರು ಮತ್ತೆ ನಗಲಿಲ್ಲ. ಕೊನೆಗೆ, ನಾನು ಸುಳ್ಳು ಸಾಕ್ಷಿ ನುಡಿಯುತ್ತಿದ್ದೇನೆ ಎಂದರು, ಸರಿಯಲ್ಲ ಎಂದೆ. ಅದೂ ಫಾರ್ಮ್ಯಾಟೇ ಎಂದು ಆಮೇಲೆ ತಿಳಿಯಿತು.

ತೀರ್ಪಿನಲ್ಲಿ ಗೌರಮ್ಮ ಕೂತಲ್ಲೇ ಕೂತಿದ್ದಳೆಂದು ಒಪ್ಪಿದರು. ಪರಿಹಾರ ಬಂತು, ಬೆರಳು ಮಡಿಸುವಷ್ಟಲ್ಲ. ಚಪ್ಪಡಿ ಅವಳದೇ ಆಗಿ ಉಳಿಯಿತು. ಶ್ರೀನಿವಾಸಯ್ಯ ಈಗ ನ್ಯಾಯಮಂಡಳಿಯಲ್ಲಿ ನಡೆದದ್ದನ್ನೂ ಕಣ್ಣಾರೆ ನೋಡಿದ್ದಾನೆ. ನಾನು ಜಗಳಕ್ಕೆ ಹೋಗುವುದನ್ನು ಬಿಟ್ಟಿದ್ದೇನೆ.

ಮೊನ್ನೆ ಬೆಳಿಗ್ಗೆ ಗೌರಮ್ಮ ಗೇಟಿನಲ್ಲಿ ನಿಂತು ಶಾರದೆಗೆ ಹೂವು ಅಳೆದುಕೊಟ್ಟಳು. ಬಲಗೈಯ ಬೆರಳು ಮಡಿಸಲಾಗುವುದಿಲ್ಲವಾದ್ದರಿಂದ ಈಗ ಎಡಗೈಯ ಮೊಳ. ಶಾರದೆಗೆ ಸಂಶಯ.

“ಮೊಳ ಗಿಡ್ಡ ಆಯ್ತಲ್ಲೇ ಗೌರಿ?”

“ತಾಯಾಣೆ ಅಮ್ಮಾ, ಸರಿಯಾಗಿ ಅಳ್ದಿದೀನಿ!”

ಶಾರದೆ ನನ್ನ ಕಡೆ ತಿರುಗಿದಳು. “ರೀ, ಇಲ್ಲೇ ಕೂತಿದೀರಲ್ಲ, ಸರಿಯಾಗಿ ಅಳೆದ್ಲಾ?”

ನನ್ನ ತೊಡೆಯ ಮೇಲೆ ಪದಬಂಧವಿತ್ತು; ಕೈಯಲ್ಲಿ, ಈಚೆಗೆ ಅಭ್ಯಾಸವಾದ ಪೆನ್ಸಿಲು. “ಅಳೆಯೋದನ್ನ ನಾನು ನೋಡ್ಲಿಲ್ಲ ಕಣೇ,” ಎಂದೆ.

ಶಾರದೆ ಹಣೆ ಚಚ್ಚಿಕೊಂಡಳು. ಗೌರಮ್ಮ ನಕ್ಕು, ಬೆರಳಿನಿಂದ ಇನ್ನೊಂದು ಗೇಣು ಅಳೆದು ಕತ್ತರಿಸಿ, ಅವಳ ಕೈಗೆ ಹಾಕಿದಳು.

“ತಗೊಳಿ ಅಮ್ಮಾ. ಇವ್ರುನ್ನ ಸಾಕ್ಷಿ ಕೇಳೋ ಬದ್ಲು ಹೂವ ಕೊಡೋದೇ ವಾಸಿ.”